ಹೆರೆಯಬೇಕಾದ ಸಾಲು

ತಂದೆ ಗಾರ್ಮುಂಡ್,
ಊರೂರಿಂದ ಮರಳಿ ಒಟ್ಟುಮಾಡಿದ ನಿಮ್ಮ ನಲವತ್ತೊಂದು ಓಲೆಗಳು
ಈಗ ನನ್ನ ಮಣೆಯ ಮೇಲಿವೆ.
ಎರಡಕ್ಕೆ ಇಲಿ ಬಾಯಿ ಹಾಕಿದೆ. ಒಂದರ ಮೇಲೆ
ಯಾರೋ ಮೇಣ ಸುರಿಸಿಕೊಂಡು ಅತ್ತಿದ್ದಾರೆ,
ಅಥವಾ ನಿದ್ದೆಹೋಗಿದ್ದಾರೆ.

ನೀವು ಸತ್ತು ಮೂವತ್ತು ಚಳಿಗಾಲ.
ನಿಮ್ಮ ಹಲ್ಲೊಂದು ಬೆಳ್ಳಿಯ ಡಬ್ಬಿಯಲ್ಲಿದೆ,
ಹಬ್ಬದ ದಿನ ಬಸುರಿಯರು ಮುಟ್ಟಿ ಹೋಗುತ್ತಾರೆ.
ಅದೇ ಹಲ್ಲಿನ ನೋವಿಗೆ ನೀವು ಬರೆದದ್ದು
ನನಗೊಬ್ಬಳಿಗೇ ಗೊತ್ತು:
‘ಲವಂಗವಿದ್ದರೆ ಕಳಿಸಿ. ಇಲ್ಲವಾದರೆ ಇಕ್ಕಳ.’

ಹಿರಿಯಮ್ಮ ಹೇಳಿದ್ದು ಇಷ್ಟೇ:
ಬೋಧನೆ ಉಳಿಸು, ಮಿಕ್ಕದ್ದು ಹೆರೆ.
ಚರ್ಮ ತುಟ್ಟಿ, ಮೂರು ಹಾಳೆಗೆ ಒಂದು ಕರು.
ಹೀಗಾಗಿ ಎಡಗೈಯಲ್ಲಿ ನೊರೆಗಲ್ಲು, ಬಲಗೈಯಲ್ಲಿ ಬಾತಿನ ಗರಿ,
ಸುಗ್ಗಿಯಿಂದ ಈಚೆಗೆ ನಿಮ್ಮನ್ನು ಸಂತನಾಗಿಸುತ್ತಿದ್ದೇನೆ.
ಉಣ್ಣೆಯ ಕಾಲುಚೀಲಕ್ಕೆ ಅಂಗಲಾಚಿದ್ದು ಹೋಯಿತು.
ದೋಣಿಯವನ ಜೊತೆ ಎರಡು ಕಾಸಿನ ಜಗಳ ಹೋಯಿತು,
ಗಂಟೆಯ ನಾಲಿಗೆ ಕಳುವಾಗಿ
ಮರದ ಸೌಟು ಬಡಿದು ಪ್ರಾರ್ಥನೆಗೆ ಕರೆದ ಆ ಇಡೀ ಮಾಗಿ.
‘ಉಬ್ಬರದ ಉಪ್ಪುನೀರಲ್ಲಿ ಕೊಟ್ಟ ದೀಕ್ಷಾಸ್ನಾನ ಸಲ್ಲುತ್ತದೆಯೆ?
ಫ್ರೀಸಿಯಾದಲ್ಲಿ ಸಿಹಿನೀರು ಕುಡಿಯಲಿಕ್ಕೇ ಇಲ್ಲ’
ಎಂದು ಕೇಳಿದ್ದಿರಿ. ಯಾರೂ ಉತ್ತರಿಸಿದಂತಿಲ್ಲ.
ನನ್ನ ನೆತ್ತಿಗೆ ಬಿದ್ದದ್ದೂ ಅದೇ ನೀರು.

ನಿನ್ನೆ ಮೂವತ್ತಮೂರನೆಯ ಓಲೆ.
ಮೊದಲು ಎಂದಿನ ಆಶೀರ್ವಾದ, ಪೌಲನ ಮಾತು, ಮೇಣದ ಬೆಲೆ.
ಆಮೇಲೆ ಅಂಚಿಗೆ ಒತ್ತಿ, ಸಣ್ಣ ಅಕ್ಷರದಲ್ಲಿ:

‘ದಿಬ್ಬದೂರಿನಿಂದ ಒತ್ತೆ ತಂದ ಹುಡುಗಿ ಚುರುಕು.
ಅವಳ ತಾಯಿ ಮೂರು ಸಲ ಬಂದಳು,
ಇಳಿತದಲ್ಲಿ ಕೆಸರು ದಾಟಿ, ಮೊಣಕಾಲವರೆಗೆ ಕಪ್ಪಾಗಿ.
ಒಳಗೆ ಬಿಡಲಿಲ್ಲ.
ಮೂರನೆಯ ಸಲ ಕುರಿಹಾಲಿನ ಗಿಣ್ಣು ಇಟ್ಟು ಹೋದಳು.
ತಿಂದೆವು. ಚೆನ್ನಾಗಿತ್ತು.
ನಾನು ಮಾಡಿದ್ದು ಸರಿಯೆ? ಬರೆದು ತಿಳಿಸಿ.’

ನನಗೆ ಹೇಳಿದ್ದು ಬೇರೆ.
ತಾಯಿ ನಗುನಗುತ್ತ ನಿನ್ನನ್ನು ದೇವರಿಗೊಪ್ಪಿಸಿ ನಡೆದಳು,
ಹಿಂತಿರುಗಿ ನೋಡಲಿಲ್ಲ, ಎಂದು.
ಐವತ್ತು ವರ್ಷ ಆ ಬೆನ್ನಿಗಾಗಿ ಪ್ರಾರ್ಥಿಸಿದ್ದೇನೆ,
ಸ್ವಲ್ಪ ಸಿಟ್ಟಿನಿಂದಲೇ.
ನಿನ್ನೆ ಆ ಬೆನ್ನು ತಿರುಗಿತು. ಮುಖ ಕಾಣಲಿಲ್ಲ.
ಬರೀ ಮೊಣಕಾಲು, ಕೆಸರು.

ಮೇಣದ ಬೆಲೆ ಬರೆದಿರಿ, ಅವಳ ಹೆಸರು ಬರೆಯಲಿಲ್ಲ.
ನನಗೂ ತಿಳಿಯದು; ತಾಯಿಗೊಂದು ಹೆಸರಿರುತ್ತದೆಂದು
ಆ ವಯಸ್ಸಿಗೆ ಯಾರಿಗೆ ಗೊತ್ತು?
ನನ್ನದು ಐಕೆ ಎಂದಿತ್ತು. ಅಗಾಥಾ ನೀವು ಇಟ್ಟದ್ದು.
ಕನಸಲ್ಲಿ ಯಾರಾದರೂ ಐಕೆ ಎಂದು ಕೂಗಿದರೆ
ಬಾತುಗಳನ್ನು ಕರೆಯುತ್ತಿದ್ದಾರೆಂದುಕೊಂಡು ಮಗ್ಗುಲಾಗುತ್ತಿದ್ದೆ.

ಆ ಗಿಣ್ಣಿನಲ್ಲಿ ನನಗೂ ಒಂದು ಚೂರು ಕೊಟ್ಟಿದ್ದಿರೆ?

ಶಪಿಸಹೊರಟರೆ ಕೈ ಏಳುವುದಿಲ್ಲ.
ಈ ಕೈ ತಿದ್ದಿಸಿದವರು ನೀವು:
ಬಾಲವನ್ನು ಎಡಕ್ಕೆಳೆದು ತುದಿಯಲ್ಲಿ ಚೂರು ಮೇಲೆತ್ತುವ ಚಾಳಿ
ನಿಮ್ಮಿಂದ ನನಗೆ, ನನ್ನಿಂದ ಈ ಕಿರಿಯ ಹುಡುಗಿಯರಿಗೆ ಬಂದಿದೆ,
ನಿಮ್ಮನ್ನು ನೋಡದವರ ಬೆರಳಲ್ಲೂ ನೀವು ಬಾಗುತ್ತೀರಿ.
ಹೊಟ್ಟೆಗೆ ಹಾಕಿಕೊಳ್ಳೋಣವೆಂದು ನೋಡಿದೆ.
ಹೊಟ್ಟೆಯಲ್ಲಿ ಮೊದಲೇ ಆ ಗಿಣ್ಣು ಇರಬಹುದು.

ಸಂಜೆ ಹಿರಿಯಮ್ಮ ಬಂದು ಹಾಳೆಯನ್ನು ದೂರದಿಂದ ನೋಡಿ
ಮೂವತ್ತಮೂರು ಆಯಿತೆ, ಎಂದರು. ಅವರ ಕಣ್ಣು ಮಂಜು.
ಆಯಿತು ಎಂದೆ.
ಹೆರೆದದ್ದು ಬೋಧನೆಯನ್ನು.
ಪೌಲನ ಮಾತು ಬೇರೆ ಕಡೆಯೂ ಸಿಗುತ್ತದೆ.

ಖಾಲಿಯಾದ ಜಾಗದಲ್ಲಿ ನಿಮಗೆ ಉತ್ತರ ಬರೆಯಬೇಕು.
ಇನ್ನೂ ಶುರುಮಾಡಿಲ್ಲ.
ನಾಳೆ ಮೀನು ತರುವವನು ಬಂದಾಗ ಕೇಳಬೇಕು,
ಅಲ್ಲಿ ಈಗ ಇಳಿತ ಎಷ್ಟು ಹೊತ್ತಿಗೆ.