ಎಂಟನೆಯವ

ಅರಸೀಕೆರೆ ಗ್ಯಾಂಗ್‌ಮನ್‌ಗಳ ಹಗ್ಗಜಗ್ಗಾಟದ ತಂಡದಲ್ಲಿ
ಹತ್ತೊಂಬತ್ತು ವರ್ಷ ನಾನು ಏಳನೆಯವ.
ಮರುಳಯ್ಯ ಎಂಟನೆಯವ, ಕಡೆಯವ,
ಹಗ್ಗವನ್ನು ಬಗಲಿಂದ ಹಾಯಿಸಿ ಬೆನ್ನಿಗೆ ಹೊತ್ತವ.

ಎಳೆಯುವಾಗ ಅವನ ಮುಖ ಕಂಡದ್ದೇ ಇಲ್ಲ.
ಕತ್ತಿಗೆ ಬಡಿಯುವ ಉಸಿರು, ಎಲೆಯಡಿಕೆ ವಾಸನೆ,
‘ಕುಂತ್ಕೊ, ಈಗ್ಲೇ ಬ್ಯಾಡ’ ಅನ್ನುವ ಪಿಸುದನಿ.
ಅವನ ಹಿಮ್ಮಡಿ ತೋಡಿದ ಗುಂಡಿಯಲ್ಲಿ
ಆಮೇಲೆ ಹುಡುಗರು ಗೋಲಿಯಾಡುತ್ತಿದ್ದರು.

ಬಾಣಾವರದಲ್ಲಿ ಎರಡು ಬೆರಳು ಮುರಿದವು.
ಮಗಳು ಹುಟ್ಟಿದ ದಿನವೂ ಕಣದಲ್ಲೇ ಇದ್ದ.
ಒಂದು ಪಂದ್ಯ ತಪ್ಪಿಸಲಿಲ್ಲ.
ಪೇಪರಿನ ಫೋಟೊ ಮಾತ್ರ
ಪ್ರತಿ ಸಲ ನನ್ನ ಮೊಣಕೈಗೇ ಮುಗಿಯುತ್ತಿತ್ತು.

ಈ ವರ್ಷ ಬೆನ್ನ ಹಿಂದೆ ಹೊಸ ಹುಡುಗ.
ಗಟ್ಟಿಗನೇ.
ಆದರೂ ಹಗ್ಗ ಬಿಗಿದಾಗ
ಮೊದಲ ಸಲ
ತಿರುಗಿ ನೋಡಿಬಿಟ್ಟೆ.

ಬೇಲಿಯಾಚೆಯಿಂದ ಬೈಗುಳ ಬಂತು:
‘ಮುಂದಕ್ ನೋಡ್ಲಾ!’