ದಾಯಾದಿ ಮಾತು

ಜೋಗಿಮಟ್ಟಿಯಾಚೆ ಎಪ್ಪತ್ತೆರಡನೇ ನಂಬರಿನ ಗಾಳಿಕಂಬ
ಕೆಟ್ಟು ನಿಂತು ಹದಿನಾರು ದಿನ.
ರಿಪೇರಿಗೆ ಮೂವರು ಬಂದರು:
ಒಬ್ಬ ಜರ್ಮನಿ, ಒಬ್ಬ ಡೆನ್ಮಾರ್ಕು, ಇನ್ನೊಬ್ಬ ಹಾಲೆಂಡು.
ದುರ್ಗದ ಬಿಸಿಲು ಮೂರು ಮೂಗಿಗೂ
ಒಂದೇ ಕೆಂಪು ಬಳಿದಿತ್ತು.

ಟೀ ಕ್ಯಾನು ಇಳಿಸಿ ಕೂತೆ,
ಮಡಿಲಲ್ಲಿ ಹಳಗನ್ನಡದ ನೋಟ್ಸು, ಸೋಮವಾರ ಪರೀಕ್ಷೆ.

ಜರ್ಮನಿಯವನ ಪಾದದ ಮೇಲೆ ಸ್ಪ್ಯಾನರು ಬಿತ್ತು.
ಫೂಸ್! ಎಂದು ಕುಣಿದ.
ವೂಟ್, ಎಂದು ತಿದ್ದಿದ ಹಾಲೆಂಡಿನವ.
ಫೋದ್, ಎಂದು ನಕ್ಕ ಮೂರನೆಯವ.
ಯಾವುದು ಸರಿ ಅಂತ ಶುರುವಾಯಿತು ಜಗಳ,
ಅದೂ ಇಂಗ್ಲಿಷಿನಲ್ಲಿ.
ಅವನೂ ಅವರ ಚಿಕ್ಕಪ್ಪನ ಮಗನೇ,
ಊರು ಬಿಟ್ಟು ಹೋಗಿ ಸಾಹುಕಾರನಾದವನು.

ಪಾದದ ಪಕಾರ
ಯಾವ ಹಿಮದಲ್ಲಿ ತುಟಿ ಒಡೆದು
ಫಕಾರವಾಯಿತೋ.
ನಮ್ಮಲ್ಲೇನು ಕಮ್ಮಿ?
ಪುಲಿ ಹುಲಿಯಾಯ್ತು, ಪೂ ಹೂವಾಯ್ತು,
ಯಾರ ಅಪ್ಪಣೆಯನ್ನೂ ಕೇಳಲಿಲ್ಲ.
ಶಾಸನದ ಕಲ್ಲು ಮಾತ್ರ
ಇನ್ನೂ ತುಟಿ ಬಿಗಿದು ಕೂತಿದೆ.

ಅಷ್ಟರಲ್ಲಿ ವಾಚ್‌ಮನ್ ಪಾಲಯ್ಯ,
ಮನೆಯಲ್ಲಿ ತೆಲುಗಾಡುವವನು, ಲೋಟ ಚಾಚಿದ:
"ಅಮ್ಮಣ್ಣೀ, ಪಾಲು ಜಾಸ್ತಿ ಹಾಕು."
ಹಾಲು ಕಣಯ್ಯ, ಅಂದೆ.
"ಏನಾದ್ರೂ ಅನ್ನು ತಾಯಿ, ಎಮ್ಮೆ ಒಂದೇ."

ಮೇಲೆ ರೆಕ್ಕೆ ಒಮ್ಮೆ ನರಳಿತು.
ಮೂವರೂ ತಲೆಯೆತ್ತಿದರು, ಜಗಳ ಮರೆತು:
ವಿಂಟ್! ವಿಂಟ್!
ಡೆನ್ಮಾರ್ಕಿನವ ಕೊನೆಯ ಅಕ್ಷರ ನುಂಗಿಕೊಂಡ.
ಗಾಳಿ, ಅಂದೆ ನಾನು.
ಗಾಲಿ, ಅಂದ ಪಾಲಯ್ಯ, ಅವನ ಮನೆಮಾತಿನ ಗಾಳಿ.
ಅವನ ಮಾತು ನನ್ನ ಕನ್ನಡದಲ್ಲಿ
ಸುಮ್ಮನೆ ಉರುಳಿತು.