ಒಂಬತ್ತನೆಯ ಸಾಲು

ಹಾಜರಿ ಪುಸ್ತಕಕ್ಕೆ ಗೆರೆ ಎಳೆಯುವುದು ನನ್ನ ಕೆಲಸ.
ಇಪ್ಪತ್ತಾರು ವರ್ಷ ಎಳೆದಿದ್ದೇನೆ:
ಹುಡುಗರಿಗೆ ನೀಲಿ, ಹುಡುಗಿಯರಿಗೆ ಕೆಂಪು,
ನಡುವೆ ಒಂದು ಖಾಲಿ ಸಾಲು.
ಅದು ಯಾಕೆಂದು ಯಾರೂ ಕೇಳಿರಲಿಲ್ಲ, ನಾನೂ.

ಪಾಂಡವಪುರದ ಆಚೆ, ನಾಲೆ ಏರಿಯ ಮಗ್ಗುಲಿಗೆ ನಮ್ಮ ಶಾಲೆ.
ಕಬ್ಬಿನ ಟ್ರ್ಯಾಕ್ಟರು ಉಬ್ಬು ಹತ್ತುವಾಗ
ಒಂದೆರಡು ಜಲ್ಲೆ ಮಕ್ಕಳಿಗೆ ಬಿಟ್ಟುಕೊಟ್ಟೇ ಹೋಗುತ್ತದೆ.
ಆ ಜೂನಿನಲ್ಲಿ ವರ್ಗವಾಗಿ ಬಂದರು
ಎಂ. ಚೆಲುವಾಂಬ, ಪ್ರಾಂಶುಪಾಲರು.
ಸೇವಾ ಪುಸ್ತಕದಲ್ಲಿ ಮೊದಲ ಹನ್ನೊಂದು ವರ್ಷ ಬೇರೆ ಹೆಸರು,
ಆಮೇಲೆ ಒಂದು ಅಫಿಡವಿಟ್ಟು, ಗೆಜೆಟ್ಟಿನ ತುಣುಕು,
ಗೋಂದು ಹಚ್ಚಿ ಅಂಟಿಸಿದ್ದು.
ಹಳೆಯ ಹೆಸರು ನನಗೆ ಗೊತ್ತು. ಹೇಳುವುದಿಲ್ಲ.
ಗುಮಾಸ್ತನ ಧರ್ಮ ಅಂತ ಒಂದಿದೆ.

'ಅವರು' ಎಂದೆ, ಎದುರಿಗೂ ಬೆನ್ನ ಹಿಂದೆಯೂ.
ಟೀ ಅಂಗಡಿಯ ಬೋರಪ್ಪ "ಅವ್ನಾ, ಅವ್ಳಾ, ಯೋಳಿ ಸ್ವಾಮಿ" ಎಂದು ಕೆಣಕಿದಾಗ
ಬಹುವಚನ ನನ್ನ ಕಾಪಾಡಿತು.
ಗೌರವವೋ ಪುಕ್ಕಲುತನವೋ,
ಕನ್ನಡದಲ್ಲಿ ಎರಡಕ್ಕೂ ಒಂದೇ ಪ್ರತ್ಯಯ.

ಒಂಬತ್ತನೇ ತರಗತಿ, ಬಿ ವಿಭಾಗ.
ಹಾಜರಿಯಲ್ಲಿ ಎಂಟು ಮುಗಿದು ಮುಂದಿನ ಅಂಕಿ ಬಂದರೆ
ಹಿಂದಿನ ಬೆಂಚಿನಲ್ಲಿ ಕಿಸಕ್.
ನಮ್ಮ ಕಡೆ ಅದು ಬರೀ ಅಂಕಿಯಲ್ಲ,
ಬೀದಿಯಲ್ಲಿ ಎಸೆಯುವ ಕಲ್ಲು.
ಆ ಸಂಖ್ಯೆ ಬಿದ್ದ ಮಗು ಬಾಯಿ ಬಿಡುತ್ತಿರಲಿಲ್ಲ,
ಕೈ ಮಾತ್ರ ಎತ್ತುತ್ತಿತ್ತು, ಅರ್ಧ.
ಆ ವರ್ಷ ದನಿ ಒಡೆದಿತ್ತು. ಮಗುವಿಗೆ ಅದು ಬೇಡವಾಗಿತ್ತು.
ಪ್ರಬಂಧದಲ್ಲಿ 'ನಾನು ದೊಡ್ಡವಳಾದ ಮೇಲೆ' ಎಂದು ಬರೆದದ್ದಕ್ಕೆ
ಳಕಾರದ ಸುತ್ತ ಕೆಂಪು ಸುತ್ತು, ಅರ್ಧ ಅಂಕ ಕಡಿತ.

ಕಿಟಕಿಯಾಚೆ ಹಗಲಿಡೀ ನಾಲೆಯ ನೀರು.
ಮಗುವಿನ ಬಾಟಲಿ
ಮನೆಯಿಂದ ತಂದಷ್ಟೂ ತುಂಬಿಕೊಂಡೇ ಸಂಜೆ ವಾಪಸ್ಸು.
ನಾನು ನೋಡಿದ್ದೆ, ಕಂಡಿರಲಿಲ್ಲ.
ಮೇಡಂ ಕಂಡರು, ಬಂದ ಮೂರನೇ ದಿನ.
"ಇರೋದು ಎರಡು ಬಾಗಿಲು, ಎರಡರ ಹಿಂದೆಯೂ ಹೊಡೆತ.
ಕುಡಿಯದಿದ್ದರೆ ಹೋಗೋದೇ ಬೇಡವಲ್ಲ.
ನಾನೂ ಎಸ್ಸೆಲ್ಸಿ ಮುಗಿಸಿದ್ದು ಹಾಗೇ, ಮರಿಸ್ವಾಮಿಯವರೇ,
ಒಣಗಿಕೊಂಡು."

ಭೂಪಟ, ಮುರಿದ ಗ್ಲೋಬು, ಗೆದ್ದಲು ತಿಂದ ಉತ್ತರಪತ್ರಿಕೆ,
ಎಲ್ಲ ಹೊರಬಿದ್ದು ಒಂದು ಕೋಣೆ ಖಾಲಿಯಾಯಿತು.
ನಲ್ಲಿ ಬಂತು. ಒಳಗಿನಿಂದ ಚಿಲಕ ಬಂತು.
"ಇದೆಲ್ಲ ಬೆಂಗ್ಳೂರ್ಗೆ ಸರಿ" ಎಂದು ಅಧ್ಯಕ್ಷರು ಮೇಜು ಗುದ್ದಿದರು.
"ಉಚ್ಚೆ ಎಲ್ಲಾ ಊರ್ಗೂ ಬತ್ತದೆ ಕನ್ರಪ್ಪಾ" ಅಂದಳು
ಬಿಸಿಯೂಟದ ಸಣ್ಣತಾಯಮ್ಮ, ಸಭೆಗೆ ಟೀ ಹಂಚುತ್ತ.
ಎಲ್ಲರೂ ನಕ್ಕದ್ದು ನಡಾವಳಿಯಲ್ಲಿ ದಾಖಲಾಗಿಲ್ಲ.
ಬಾಗಿಲ ಮೇಲೇನು ಬರೆಯಲಿ, ಪೇಂಟರ್ ಕೇಳಿದ.
"ಶೌಚಾಲಯ ಅಂತ. ಬೊಂಬೆ ಬೇಡ."

ಮರುದಿನ ಸಿಬ್ಬಂದಿಯ ಹಾಜರಿ ತರಿಸಿದರು.
"ನನ್ನ ಹೆಸರು ಒಂಬತ್ತಕ್ಕೆ ಹಾಕಿ."
ಪ್ರಾಂಶುಪಾಲರದು ಒಂದನೇ ಸಾಲು ಮೇಡಂ, ನಿಯಮ.
"ಯಾವ ನಿಯಮ, ತೋರಿಸಿ."
ಮಧ್ಯಾಹ್ನವಿಡೀ ಸುತ್ತೋಲೆ ಕೆದಕಿದೆ. ಇರಲಿಲ್ಲ.

ಪ್ರಾರ್ಥನೆ ಮುಗಿದ ಮೇಲೆ, ಎಲ್ಲರೆದುರು,
ನಾನೇ ಕೂಗಬೇಕಾಯಿತು.
ಎಂಟು, ಡ್ರಿಲ್ ಮಾಸ್ತರು.
ಆಮೇಲೆ ನಾಲಿಗೆ ಮೇಲೇಳಲಿಲ್ಲ. ಎಬ್ಬಿಸಿದೆ. "ಒಂಬತ್ತು."
"ಬಂದಿದ್ದೇನೆ."
ಆ ಒಡೆದ ದನಿ, ಅವರದೇ ದನಿ,
ಬಯಲಿನ ಕೊನೆಯ ಹೊಂಗೆಮರದವರೆಗೂ ಹೋಯಿತು.
ಯಾರೋ ಒಬ್ಬ ಕಿಸಕ್ಕೆಂದ.
ಜೊತೆ ಸಿಗದೆ ನಗು ಕೆಮ್ಮಾಯಿತು.

ಕನ್ನಡ ಮೇಷ್ಟ್ರು, ಅದೇ ಕೆಂಪು ಸುತ್ತಿನವರು,
ಸಂಜೆ ಸೈಕಲ್ ತಳ್ಳಿಕೊಂಡು ಬರುತ್ತ ತಮಗೇ ಹೇಳಿಕೊಂಡರು:
'ಬಂದಿದ್ದೇನೆ' ಎಂಬಲ್ಲಿ ಲಿಂಗವಿಲ್ಲ. 'ಬಂದಿದ್ದೀಯಾ' ಎಂಬಲ್ಲೂ ಇಲ್ಲ.
ಎದುರಿಗಿಲ್ಲದವರ ಮಾತೆತ್ತಿದಾಗಲೇ ಅದು ಬೇಕಾಗುವುದು.

ಮರುದಿನವೇ ಮಗು ಪೂರ್ತಿ ಕೈ ಎತ್ತಿತೆಂದು ಬರೆಯಲಾರೆ.
ಆ ತಿಂಗಳು ಏಳು ದಿನ ಗೈರು.
ತಾಯಿ ಬಂದು ಜಗಳವಾಡಿ ಹೋದಳು;
ಇನ್ನೊಮ್ಮೆ ಬಂದಳು, ಜಗಳವಾಡದೆ ಬಹಳ ಹೊತ್ತು ಕೂತಿದ್ದಳು.
ಶನಿವಾರ ಮಧ್ಯಾಹ್ನದ ಬಸ್ಸಿಗೆ ಮೇಡಂ ಮಂಡ್ಯಕ್ಕೆ ಹೋಗುತ್ತಾರೆ,
ಬೇರೆ ಶಾಲೆಗಳ ಮೇಷ್ಟ್ರುಗಳನ್ನು ಕೂರಿಸಿಕೊಂಡು
ನೀರಿನ ಬಾಟಲಿ ನೋಡಿ ಎನ್ನುತ್ತಾರಂತೆ.

ದೀಪಾವಳಿ ರಜೆ ಕಳೆದು ಒಂದು ಗುರುವಾರ, ಹನ್ನೊಂದೂವರೆ.
ಕಚೇರಿಯ ಹೊರಗೆ, ಫಿಲ್ಟರಿನ ಹತ್ತಿರ,
ಖಾಲಿ ಬಾಟಲಿಗೆ ನೀರು ಬೀಳುವ ಸದ್ದು,
ಮೊದಲು ದಪ್ಪಗೆ, ಮೇಲೇರುತ್ತ ತೆಳ್ಳಗೆ.
"ಯಾರದು?" ಒಳಗಿನಿಂದ ಮೇಡಂ.
ನಾನು ಗೆರೆ ಎಳೆಯುತ್ತಿದ್ದೆ. ತಲೆಯೆತ್ತದೆ ಹೇಳಿದೆ:
"ಒಂಬತ್ತನೇ ಬಿ, ಮೇಡಂ. ಬಾಯಾರಿಕೆಯಂತೆ ಅವಳಿಗೆ."